ಮಾಣಿಕಪ್ಪನ ಮೂಕ ಕಾಶಿ

ವಾಡಿ, ೧೯೭೧ ಫೆಬ್ರುವರಿ ೧೪, ಭಾನುವಾರ. ಸಂಜೆ ಆರೂವರೆಗೆ ಬರೆಯಲು ಕೂತೆ.

ಮಾಣಿಕಪ್ಪ ಪರದೆ ಕಟ್ಟಿದನೆಂದರೆ ನೋಡುವವರೆಲ್ಲ ಚಪ್ಪಲಿ ಬಿಡಬೇಕಿತ್ತು. ತಾನು ಮಾತ್ರ ಬೂಟು ಹಾಕಿಕೊಂಡೇ, ಬೀಡಿ ಕಚ್ಚಿಕೊಂಡು, ಕೈಯಿಂದ ಸಿನಿಮಾ ಯಂತ್ರ ತಿರುಗಿಸುತ್ತಿದ್ದ. ಅವನಲ್ಲಿದ್ದದ್ದು ಬ್ರಿಟಿಷರ ಕಾಲದ ನಾಲ್ಕು ಮೂಕ ರೀಲು: ಪುಣ್ಯಸ್ನಾನ, ಪೂಜೆ, ಮೆರವಣಿಗೆ, ಮುಳ್ಳಿನ ಮೇಲೆ ಮಲಗಿದ ಸಾಧು. ಎಲೆ ಅಡಿಕೆ ಜಗಿಯುವಷ್ಟರಲ್ಲಿ ಒಂದೊಂದು ಮುಗಿಯುತ್ತಿತ್ತು. ಚಿತ್ರಕ್ಕಿಲ್ಲದ ಮಾತೆಲ್ಲ ಇವನ ಬಾಯಲ್ಲಿತ್ತು. ಪೂಜೆ ಬಂದರೆ ಹಿಡಿಕೆ ಗರಗರ ತಿರುಗುವುದು. ಹೆಂಗಸರು ಒದ್ದೆ ಸೀರೆಯಲ್ಲಿ ನೀರಿನಿಂದ ಏಳುವಾಗ ಮಾತ್ರ ಅವನ ಕೈಗೆ ದಣಿವು.

ಒಂಬತ್ತು ಆಟ ನೋಡಿ ಬರೆದಿಟ್ಟಿದ್ದೇನೆ. ಅದೇ ಸ್ನಾನದ ದಡ ವಾಡಿ, ಶಹಾಬಾದಗಳಲ್ಲಿ ಕಾಶಿ, ಚಿಂಚೋಳಿಯಲ್ಲಿ ಗೋದಾವರಿ. ಒಮ್ಮೆ ವಾಡಿಯ ಆಟದಲ್ಲಿ, ಮುಂಬೈ ಕಂಡಿದ್ದ ರೈಲ್ವೆ ಗಾರ್ಡರು ಎದ್ದು ಕೂಗಿದರು: "ಏ ಮಾಣಿಕಪ್ಪ, ತೆರಿ ಬರ್ಲಿಕತ್ಯಾವಲ್ಲೋ! ಇದು ಸಮುದ್ರ!"

"ಕುಂದ್ರಿ ಸಾಹೇಬ್ರ. ಭಕ್ತರ ಕಾಲು ತೊಳೀಲಿಕ್ಕೆ ಗಂಗಾಮಾಯಿ ತಾನೇ ಬರ್ಲಿಕತ್ಯಾಳ."

ಜನ ಕೈಮುಗಿದರು.

ಅಂದು ನಮ್ಮ ನೆರೆಮನೆಯ ಶರಣಮ್ಮನೂ ಇದ್ದಳು. ಅವಳ ಗಂಡ ಸಾಧುಗಳ ಹಿಂದೆ ಹೋಗಿ ಎಂಟು ವರ್ಷವಾಗಿತ್ತು. ದಡದ ಮೇಲೆ ಕೂತಿದ್ದ ಗಡ್ಡದವನೊಬ್ಬ ಕತ್ತು ತಿರುಗಿಸಿದ್ದೇ ತಡ, ಚೀರಿದಳು: "ಅಯ್ಯ, ನಮ್ಮನಿಯವ್ರು! ಯಣ್ಣಾ, ಇದು ಯಾವಾಗಿಂದು?"

"ಹೋದ ವರ್ಷದ್ದು ಯವ್ವಾ. ಕಾಶ್ಯಾಗ ನಾನೇ ಕಂಡೀನಿ. ತಬಿಯತ್ ಭಾಳ ಛಲೋ ಅದ."

ಆ ಗಡ್ಡದವನ ಬೆನ್ನ ಹಿಂದೆಯೇ ಬ್ರಿಟಿಷ್ ಸಿಪಾಯಿಗಳು ನಿಂತಿದ್ದರು. ನಾನು ಬೆರಳಿಟ್ಟು ತೋರಿಸಿದೆ. ಅವಳು ನೋಡಿದ್ದು ಗಡ್ಡವನ್ನು ಮಾತ್ರ. ಮರುದಿನವೇ ಕಾಶಿಗೆಂದು ಬಟ್ಟೆ ಗಂಟು ಕಟ್ಟಿದಳು.

ಮಾಣಿಕಪ್ಪನನ್ನು ಸ್ಟೇಷನ್ನಿನಲ್ಲಿ ಹಿಡಿದೆ. "ಸುಳ್ಳು ಹೇಳೀನಿ ಅಂತ ಆಕಿಗೆ ಹೇಳು. ಗಾಡಿ ಬರ್ಲಿಕತ್ತದ."

"ಆಕಿ ತನ್ನ ಕಣ್ಣು ನಂಬ್ಯಾಳ್ರಿ. ನಡುವ ನಾ ಯಾಕ ಬರ್ಲಿ?" ಎಂದು ಬಶಿಗೆ ಚಹಾ ಸುರಿದುಕೊಂಡ.

ಗಾಡಿ ಹತ್ತುವ ಮುನ್ನ ಶರಣಮ್ಮ ಅವನ ಕಾಲಿಗೆ ಬಿದ್ದಳು. ಆ ಮನುಷ್ಯ ಕಾಲು ಹಿಂದಕ್ಕೆ ತೆಗೆಯಲಿಲ್ಲ. ತಲೆ ಮೇಲೆ ಕೈಯಿಟ್ಟು ಹರಸಿದ: "ಜೋಡಿಲೇ ಬಾ ಯವ್ವಾ."

ಅದೇ ವಾರ ಪೆಟ್ಟಿಗೆ ಕಟ್ಟಿಕೊಂಡು ಎಲ್ಲಿಗೋ ಹೋದ. ಮತ್ತೆ ಕಾಣಲಿಲ್ಲ, ಕಾಣಬೇಕೆಂದು ನನಗೂ ಅನಿಸಿಲ್ಲ. ಆದರೆ ಶರಣಮ್ಮ ಕಾಶಿಯಿಂದ ಕಾರ್ಡು ಬರೆಸಿದ್ದಾಳೆ: ಮಾಣಿಕಪ್ಪಣ್ಣ ನಮ್ಮನೆಯವರನ್ನು ಯಾವ ಘಾಟಿನಲ್ಲಿ ಕಂಡದ್ದು, ಕೇಳಿ ತಿಳಿಸಿ, ಅಲ್ಲಿಯತನಕ ಇಲ್ಲೇ ಇರುತ್ತೇನೆ.

ಇದನ್ನು ಓದುವವರಲ್ಲಿ ಅಂಥ ರೀಲು ಕಂಡವರು, ಅದು ಯಾವ ದಡ, ಯಾವ ಕಾಲದ್ದು ಎಂದು ಬಲ್ಲವರು ಇದ್ದರೆ ದಯವಿಟ್ಟು ಬರೆಯಿರಿ. ನಾನು ಹೇಳಿದರೆ ಅವಳು ನಂಬುವುದಿಲ್ಲ.