ಪಾವಗಡದ ಮೇಲೆ ಹೋದ ಬಸ್ಸು

ನಾನು ಚಿಕ್ಕವಳಿದ್ದಾಗ ಗಡಿ ಎಂದರೆ ಗೋಡೆ ಎಂದುಕೊಂಡಿದ್ದೆ. ರಾಯದುರ್ಗದ ಬೆಟ್ಟದ ಮೇಲಿನ ಕೋಟೆಗಿದೆಯಲ್ಲ, ಅಂಥದ್ದೇ ಎತ್ತರದ ಕಲ್ಲುಗೋಡೆ. ಅದಕ್ಕೊಂದು ದೊಡ್ಡ ಬಾಗಿಲು, ಬಾಗಿಲಲ್ಲಿ ದೊಣ್ಣೆ ಹಿಡಿದ ಪೊಲೀಸರು. ಅಪ್ಪ ಆ ಬಾಗಿಲಾಚೆ ಹೋಗಬಾರದು, ಹೋದರೆ ಹಿಡಿದು ಜೈಲಿಗೆ ಹಾಕುತ್ತಾರೆ. ನನಗೆ ಗೊತ್ತಿದ್ದದ್ದು ಇಷ್ಟೇ. ನನಗಾಗ ಆರು ವರ್ಷ. ನಗಬೇಡಿ ಮಕ್ಕಳೇ, ನೀವೂ ಆರು ವರ್ಷದವರಿದ್ದಾಗ ಚಂದ್ರ ನಮ್ಮ ಸ್ಕೂಟರಿನ ಹಿಂದೆಯೇ ಓಡಿ ಬರುತ್ತಾನೆ ಎಂದು ಹೇಳುತ್ತಿದ್ದಿರಿ.

ನಾವು ಮೂಲದಲ್ಲಿ ಪಾವಗಡದ ಕಡೆಯ ಒಂದು ಹಳ್ಳಿಯವರು. ಅಪ್ಪ ಮಗ್ಗದವನು. ನೇಕಾರರ ಕೂಲಿ ಹೆಚ್ಚಿಸಿ ಎಂದು ಊರೂರು ತಿರುಗಿ ಜನ ಸೇರಿಸಿದ. ಮಗ್ಗಗಳು ಎರಡು ತಿಂಗಳು ನಿಂತವು. ಕೂಲಿ ಕೊಡುವ ಧಣಿಗಳಿಗೆ ಸಿಟ್ಟು ಬಂತು, ಸರ್ಕಾರದಿಂದ ಅಪ್ಪನ ಹೆಸರಿಗೆ ಒಂದು ಕಾಗದ ಬಂತು. ಒಂದು ವರ್ಷ ಈ ಜಿಲ್ಲೆಯಲ್ಲಿ ಕಾಲಿಡಕೂಡದು ಎಂದು ಅದರಲ್ಲಿತ್ತು. ಅದಕ್ಕೆ ಗಡಿಪಾರು ಎನ್ನುತ್ತಾರೆ. ಹಾಗಾಗಿ ನಾವು ಪಕ್ಕದ ರಾಜ್ಯದ ರಾಯದುರ್ಗಕ್ಕೆ ಬಂದೆವು. ಅಲ್ಲಿ ಆಗಷ್ಟೇ ಮನೆಮನೆಗೂ ಹೊಲಿಗೆ ಮೆಷಿನ್ನು ಬರುತ್ತಿತ್ತು. ಬೀದಿಯಲ್ಲಿ ನಡೆದರೆ ಎರಡೂ ಕಡೆ ಟಕಟಕ ಸದ್ದು, ಹೊಸ ಪ್ಯಾಂಟಿನ ಬಟ್ಟೆಯ ಗಂಜಿ ವಾಸನೆ, ಚರಂಡಿಯ ತುಂಬ ನೀಲಿ ಚಿಂದಿ. ಮಗ್ಗದ ಗುಂಡಿಯಲ್ಲಿ ಕಾಲು ಇಳಿಬಿಟ್ಟು ಕೂರುತ್ತಿದ್ದ ಅಪ್ಪ ಮೆಷಿನ್ನಿನ ಮುಂದೆ ಸ್ಟೂಲಿನ ಮೇಲೆ ಕೂರುವುದನ್ನು ಕಲಿತ.

ಆದರೆ ಒಂದು ಚಾಳಿ ಮಾತ್ರ ಅಪ್ಪನ ಕೈಬಿಡಲಿಲ್ಲ. ಹೊಲಿಯುವವರು ದಾರ ಕಡಿದರೆ ಮತ್ತೆ ಸೂಜಿಗೆ ಪೋಣಿಸಿಕೊಳ್ಳುತ್ತಾರೆ, ಗಂಟು ಹಾಕುವುದಿಲ್ಲ. ಗಂಟು ಹಾಕಿದರೆ ಅದು ಸೂಜಿಯ ಕಣ್ಣಲ್ಲಿ ಸಿಕ್ಕಿಕೊಳ್ಳುತ್ತದೆ. ನೇಕಾರನಿಗೆ ಹಾಗಲ್ಲ, ಕಡಿದ ಎಳೆ ಕಂಡರೆ ಕಟ್ಟಲೇಬೇಕು. ಅಪ್ಪ ಎರಡು ತುದಿಗಳನ್ನು ತೋರುಬೆರಳ ಮೇಲೆ ಅಡ್ಡಡ್ಡ ಇಟ್ಟು, ಹೆಬ್ಬೆರಳಿಂದ ಒತ್ತಿ, ಒಂದು ಸುತ್ತು ಸುತ್ತಿ ಎಳೆದುಬಿಡುತ್ತಿದ್ದ. ಗಂಟು ಸಾಸಿವೆ ಕಾಳಿನಷ್ಟೂ ಇರುತ್ತಿರಲಿಲ್ಲ. ಅಂಗಡಿಯ ಮಾಲೀಕರು ಇದಕ್ಕಾಗಿ ದಿನಾ ಬೈಯುತ್ತಿದ್ದರು. ಅಪ್ಪ ತಲೆಯಾಡಿಸುತ್ತಿದ್ದ, ಮರುಗಳಿಗೆ ಮತ್ತೆ ಕಟ್ಟುತ್ತಿದ್ದ.

ಅಮ್ಮ ಹೆರಿಗೆಗೆಂದು ಮಡಕಶಿರಾದ ಆಚೆ ಅಮರಾಪುರದ ಹತ್ತಿರದ ತವರಿಗೆ ಹೋಗಿದ್ದಳು. ತಮ್ಮ ಹುಟ್ಟಿ ತಿಂಗಳಾಗಿತ್ತು, ಅಪ್ಪ ಅವನ ಮುಖ ನೋಡಿರಲಿಲ್ಲ. ತೊಟ್ಟಿಲಿಗೆ ಹಾಕುವ ಶಾಸ್ತ್ರಕ್ಕೆ ನಾವು ಮೂವರು ಹೊರಟೆವು. ಅಪ್ಪ, ಹದಿನಾಲ್ಕು ವರ್ಷದ ಅಕ್ಕ, ನಾನು. ಕೆಲಸ ನಿಲ್ಲಬಾರದೆಂದು ಕತ್ತರಿಸಿದ ಪ್ಯಾಂಟಿನ ತುಂಡುಗಳ ಒಂದು ಗಂಟು ಜೊತೆಗಿತ್ತು. ನೀಲಿ ದಾರದ ರೀಲನ್ನು ನಾನೇ ಹಿಡಿದುಕೊಳ್ಳುತ್ತೇನೆಂದು ಹಟ ಮಾಡಿ ಇಸಿದುಕೊಂಡಿದ್ದೆ. ರಾಯದುರ್ಗದಿಂದ ಮಡಕಶಿರಾಕ್ಕೆ ಪಾವಗಡದ ಮೇಲೆ ಹೋದರೆ ಹತ್ತಿರ. ಆದರೆ ಅದು ಅಪ್ಪ ಕಾಲಿಡಬಾರದ ಜಿಲ್ಲೆ. ಅದಕ್ಕೇ ಪೆನುಕೊಂಡದ ಮೇಲೆ ಸುತ್ತಿಕೊಂಡು ಹೋಗುವ ಬಸ್ಸನ್ನು ಅಪ್ಪ ನಾಲ್ಕು ಜನರನ್ನು ಕೇಳಿ, ಬೋರ್ಡು ನೋಡಿ ಹತ್ತಿಸಿದ.

ಕಲ್ಯಾಣದುರ್ಗದಲ್ಲಿ ಬಸ್ಸು ನಿಂತಾಗ ಮಳೆ ಹನಿಯುತ್ತಿತ್ತು. ಅಪ್ಪ ನಮಗೆ ಬನ್ನು ತರಲು ಇಳಿದ. ಅಕ್ಕ ಚೊಂಬಿಗೆ ನೀರು ತುಂಬಲು ಇಳಿದಳು. ಆಗಲೇ ಕಂಡಕ್ಟರು ಒಳಗೆ ಬಂದು ಕೂಗಿ ಹೇಳಿದ್ದು. "ಮುಂದ ಹೊಳಿ ಬಂದೈತ್ರಿ, ದಾರಿ ಬಂದಾಗೈತಿ. ಬಸ್ಸು ಪಾವಗಡದ ಮ್ಯಾಲ ಹೊಕ್ಕೈತ್ರಿ."

ನಮ್ಮ ಮೂವರಲ್ಲಿ ಅದನ್ನು ಕೇಳಿಸಿಕೊಂಡವಳು ನಾನೊಬ್ಬಳೇ. ನನಗೆ ಹೆದರಿಕೆಯಾಗಲಿಲ್ಲ, ಕುಣಿಯುವಷ್ಟು ಖುಷಿಯಾಯಿತು. ಪಾವಗಡ ಅಂದರೆ ನಮ್ಮೂರು. ದಾರಿಯಲ್ಲಿ ಅಜ್ಜಿಯ ಮನೆಯ ಹುಣಸೆಮರ ಕಾಣಬಹುದು. ಗೋಡೆ, ಬಾಗಿಲು, ದೊಣ್ಣೆ ಯಾವುದೂ ಆಗ ನೆನಪಿಗೆ ಬರಲಿಲ್ಲ. ಅಪ್ಪನಿಗೂ ಅಕ್ಕನಿಗೂ ಒಮ್ಮೆಲೇ ತೋರಿಸಿ ಬೆರಗು ಮಾಡೋಣವೆಂದು ಬಾಯಿ ಮುಚ್ಚಿಕೊಂಡು ಬನ್ನು ತಿಂದೆ. ಎಂಥ ಜಾಣೆ ನೋಡಿ.

ಹಿಂದಿನ ದಿನವೆಲ್ಲ ಹೊಲಿದು ದಣಿದಿದ್ದ ಅಪ್ಪ ನಿದ್ದೆ ಹೋದ. ಬಸ್ಸಿನ ತುಂಬ ಒದ್ದೆ ಕಂಬಳಿಯ, ಬೀಡಿಯ ವಾಸನೆ. ಕಿಟಕಿಯ ಆಚೆ ಕಡಲೆಕಾಯಿ ಹೊಲ, ಕಲ್ಲುಗುಡ್ಡ, ಮತ್ತೆ ಕಡಲೆಕಾಯಿ ಹೊಲ. ಎಷ್ಟು ಹೊತ್ತು ನೋಡಿದರೂ ಗೋಡೆ ಬರಲೇ ಇಲ್ಲ. ಮೈಲಿಕಲ್ಲುಗಳನ್ನು ಓದುತ್ತಿದ್ದ ಅಕ್ಕ ಇದ್ದಕ್ಕಿದ್ದಂತೆ ಅಪ್ಪನ ತೋಳು ಹಿಡಿದು ಅಲ್ಲಾಡಿಸಿದಳು. "ಅಪ್ಪ, ಕಲ್ಲಿನ ಮ್ಯಾಲೆ ಕನ್ನಡ ಐತೆ."

ಅಪ್ಪ ಕಣ್ಣು ಬಿಟ್ಟು ಹೊರಗೆ ನೋಡಿದ. ಅವನ ಮುಖದ ಬಣ್ಣ ಹೋಯಿತು. ಅಪ್ಪ ಹೆದರುವುದನ್ನು ನಾನು ಅದುವರೆಗೆ ನೋಡಿರಲಿಲ್ಲ. ದೊಡ್ಡವರು ಹೆದರುತ್ತಾರೆಂದೇ ನನಗೆ ತಿಳಿದಿರಲಿಲ್ಲ. ಗೋಡೆ, ಬಾಗಿಲು, ದೊಣ್ಣೆ ನನಗೆ ನೆನಪಾದದ್ದು ಆಗಲೇ. ಇಳಿಯೋಣವೆಂದರೆ ಸುತ್ತ ಬರೀ ಬಯಲು, ಮಳೆ. ನಡುದಾರಿಯಲ್ಲಿ ಬಸ್ಸು ನಿಲ್ಲಿಸಿದರೆ ಎಲ್ಲರ ಕಣ್ಣೂ ಅವನ ಮೇಲೆಯೇ. ಅಪ್ಪ ನಮ್ಮಿಬ್ಬರ ಕಡೆ ಬಗ್ಗಿ ಮೆಲ್ಲಗೆ ಹೇಳಿದ. "ನಾನು ಹಿಂದ್ಗಡೆ ಸೀಟಲ್ಲಿ ಕೂತ್ಕತೀನಿ. ಮಡಕಶಿರಾ ಬರೋಗಂಟ ನಾನು ನಿಮ್ಮಪ್ಪ ಅಲ್ಲ. ನನ್ನ ನೋಡ್ಬ್ಯಾಡ್ರಿ, ಮಾತಾಡಿಸ್ಬ್ಯಾಡ್ರಿ. ಯಾರು ಕೇಳಿದ್ರೂ ಗೊತ್ತಿಲ್ಲ ಅನ್ನಿ." ಹೇಳಿ ಎದ್ದು ಹೋದ. ಅವನು ಕೂತಿದ್ದ ಜಾಗ ಇನ್ನೂ ಬೆಚ್ಚಗಿತ್ತು.

ಅಪ್ಪನ ಫೋಟೋ ಎಲ್ಲ ಠಾಣೆಗಳ ಗೋಡೆಯ ಮೇಲೂ ಇದೆ ಎಂದು ಅಕ್ಕ ಯಾವಾಗಲೋ ಹೇಳಿದ್ದಳು. ನಿಜವೋ ಸುಳ್ಳೋ, ನಾನು ನಂಬಿದ್ದೆ. ಹಿಂದೆ ತಿರುಗಬಾರದೆಂದು ಕತ್ತು ಬಿಗಿಹಿಡಿದೆ. ರೀಲಿನ ದಾರವನ್ನು ಬೆರಳಿಗೆ ಸುತ್ತುತ್ತಾ ಹೋದೆ, ಬೆರಳ ತುದಿ ಕಪ್ಪಗಾಗುವವರೆಗೆ.

ಪಾವಗಡ ಇನ್ನೂ ಎರಡು ಮೈಲಿ ಇರುವಾಗ ರಸ್ತೆಗೆ ಅಡ್ಡ ಒಂದು ಬಿದಿರ ಕೋಲು. ಚೆಕ್‌ಪೋಸ್ಟ್. ಒಬ್ಬ ಕಾನ್‌ಸ್ಟೇಬಲ್ಲು ಹತ್ತಿದರು. ನೆನೆದ ಕೋಟು, ಸೋರುವ ಮೂಗು. ಪೊಲೀಸರಿಗೂ ನೆಗಡಿಯಾಗುತ್ತದೆ ಎಂದು ನನಗೆ ಅಂದೇ ಗೊತ್ತಾದದ್ದು. ಬೇರೆ ರಾಜ್ಯದಿಂದ ಬಟ್ಟೆ ತಂದರೆ ಚೀಟಿ ತೋರಿಸಬೇಕಿತ್ತು. ಅವರು ನಮ್ಮ ಗಂಟನ್ನು ಲಾಠಿಯಿಂದ ತಿವಿದು ಇದು ಯಾರದ್ದು ಎಂದರು. ಅಕ್ಕ ನಮ್ಮದು ಎಂದು ಮಾಲೀಕರು ಕೊಟ್ಟಿದ್ದ ಚೀಟಿ ಚಾಚಿದಳು. ಅದನ್ನು ನೋಡಲು ನಾನೂ ಬಗ್ಗಿದೆ, ಕೈಯಿಂದ ರೀಲು ಜಾರಿತು.

ರೀಲು ಸೀಟುಗಳ ಕೆಳಗೆ ಉರುಳುತ್ತಾ ಹಿಂದಕ್ಕೆ ಹೋಯಿತು. ದಾರದ ತುದಿ ನನ್ನ ಬೆರಳಲ್ಲೇ ಇತ್ತು. ಯಾರೋ ಕಾಲಿಟ್ಟರು, ದಾರ ಪಟ್ಟನೆ ಕಡಿಯಿತು. ದಾರ ಕಳೆದರೆ ಅಪ್ಪನಿಗೆ ಮಾಲೀಕರು ಬೈಯುತ್ತಾರೆಂಬುದೊಂದೇ ತಲೆಯಲ್ಲಿತ್ತು. ಅದರ ಹಿಂದೆಯೇ ಓಡಿದೆ. ರೀಲು ಕೊನೆಯ ಸೀಟಿನವರೆಗೆ ಹೋಗಿ ಒಂದು ಜೊತೆ ಕಾಲುಗಳ ಹತ್ತಿರ ನಿಂತಿತು. ಅಪ್ಪನ ಕಾಲು.

ನಾನು ಮುಖ ಎತ್ತಲಿಲ್ಲ. ಅವನ ಕೈಗಳನ್ನಷ್ಟೇ ನೋಡಿದೆ. ಆ ಕೈಗಳು ರೀಲು ಎತ್ತಿಕೊಂಡವು. ನನ್ನ ಬೆರಳಿಗೆ ಸುತ್ತಿದ್ದ ದಾರ ಬಿಚ್ಚಿದವು. ಎರಡು ತುದಿ ತೋರುಬೆರಳ ಮೇಲೆ, ಹೆಬ್ಬೆರಳು ಒತ್ತಿತು, ಒಂದು ಸುತ್ತು, ಒಂದು ಎಳೆತ. ಕಟ್ಟಿದ ಮೇಲೆ ಕೈಗಳು ಹಾಗೇ ನಿಂತುಬಿಟ್ಟವು. ತಾನೇನು ಮಾಡಿದೆನೆಂದು ಅಪ್ಪನಿಗೆ ಆಗ ತಿಳಿಯಿತು.

ಕಾನ್‌ಸ್ಟೇಬಲ್ಲು ನನ್ನ ಹಿಂದೆಯೇ ನಿಂತಿದ್ದರು. ಅಪ್ಪನ ಕೈಯಿಂದ ರೀಲು ತೆಗೆದುಕೊಂಡು, ದಾರವನ್ನು ಬೆರಳುಗಳ ನಡುವೆ ಎಳೆಯುತ್ತಾ ಹೋಗಿ ಗಂಟಿನ ಹತ್ತಿರ ನಿಲ್ಲಿಸಿದರು.

"ಏನು ಕೆಲಸ ನಿಂದು?"

"ಟೈಲರ್ರಿ. ರಾಯದುರ್ಗದವ್ನ್ರಿ," ಅಂದ ಅಪ್ಪ. ಮನೆಯಲ್ಲಿ ಅಪ್ಪ ಹಾಗೆ ಮಾತಾಡಿದ್ದನ್ನು ನಾನು ಕೇಳಿಯೇ ಇರಲಿಲ್ಲ. ಬೇರೆ ಯಾರದೋ ದನಿಯಂತಿತ್ತು.

"ಟೈಲರ್‌ಗಳು ಹಿಂಗೆ ಗಂಟು ಹಾಕಲ್ಲ." ಅವರು ನನ್ನ ತಲೆಯ ಮೇಲೆ ಕೈಯಿಟ್ಟರು. ಕೈ ತಣ್ಣಗಿತ್ತು. "ಪಾಪು, ಇವರು ನಿಮ್ಮೋರಾ?"

ಚಾವಣಿಯ ಮೇಲೆ ಮಳೆ ಬೀಳುತ್ತಿತ್ತು. ನನ್ನ ಕಾಲು ಬೆಚ್ಚಗೆ ಒದ್ದೆಯಾಯಿತು. ನಾನು ಅಪ್ಪನ ಕಾಲನ್ನೇ ನೋಡುತ್ತಾ "ಅಲ್ಲ" ಎಂದೆ.

ಅವರು ಮೂಗೊರೆಸಿಕೊಂಡು, ನನಗಲ್ಲ, ಅಪ್ಪನಿಗೆ ಹೇಳಿದರು. "ನಮ್ಮವ್ವ ಮಗ್ಗದಾಗೆ ಕೂತು ಹಿಂಗೇ ಕಟ್ತಿದ್ಲು. ಕಣ್ಣು ಹೋದ ಮ್ಯಾಲೂ ಕಟ್ತಿದ್ಲು." ರೀಲನ್ನು ನನ್ನ ಚಾಚಿದ ಕೈಗೆ ಕೊಡಲಿಲ್ಲ, ಅಪ್ಪನ ಕೈಗಿಟ್ಟರು. "ಮಡಕಶಿರಾ ಮುಟ್ಟಿದ ಮ್ಯಾಲೆ ನೀವೇ ಕೊಡ್ರಿ, ಮಗೀಗೆ." ಮೊದಲು ನೀನು ಎಂದವರು ಈಗ ನೀವು ಎಂದಿದ್ದರು. ಕೆಳಗಿಳಿದು ಬಸ್ಸಿನ ಮೈಗೆ ಎರಡು ಏಟು ಬಡಿದರು. ಅಡ್ಡವಿದ್ದ ಬಿದಿರು ಮೇಲೆದ್ದಿತು.

ಹೆದರಿಕೆ ಅಲ್ಲಿಗೆ ಮುಗಿಯಲಿಲ್ಲ. ಪಾವಗಡದ ಬಸ್‌ಸ್ಟ್ಯಾಂಡಿನಲ್ಲಿ ಅರ್ಧ ಗಂಟೆ ನಿಂತಾಗ ಹತ್ತಿದ ಪ್ರತಿಯೊಬ್ಬರ ಮುಖವನ್ನೂ ನೋಡಿದೆ. ಪರಿಚಯದವರು ಬಂದು ಅಪ್ಪನ ಹೆಸರು ಹಿಡಿದು ಕೂಗಿದರೆ? ಅಕ್ಕ ನನ್ನನ್ನು ಮಡಿಲಲ್ಲಿ ಒತ್ತಿ ಹಿಡಿದು ಕಿಟಕಿಗೆ ಬೆನ್ನು ಮಾಡಿ ಕೂತಿದ್ದಳು. ಹುಣಸೆಮರ ಬಂತೋ ಹೋಯಿತೋ ನಾನು ನೋಡಲಿಲ್ಲ. ಕೊನೆಗೆ ಅಕ್ಕ ನನ್ನ ಕಿವಿಯಲ್ಲಿ "ಕಲ್ಲಿನ ಮ್ಯಾಲೆ ತೆಲುಗು ಬಂತು" ಎಂದಳು. ಆದರೂ ನಾನು ಹಿಂದೆ ತಿರುಗಲಿಲ್ಲ.

ಮಡಕಶಿರಾದಲ್ಲಿ ಇಳಿದಾಗ ಅಪ್ಪ ರೀಲು ಹಿಡಿದು ಮುಂದೆ ನಿಂತ. ನಾನು ಅಕ್ಕನ ಲಂಗದ ಹಿಂದೆ ಅಡಗಿದೆ. ಅಲ್ಲ ಎಂದಮೇಲೆ ಯಾವ ಮುಖ ಇಟ್ಟುಕೊಂಡು ನೋಡಲಿ? ಅಪ್ಪ ಕೆಸರಿನಲ್ಲೇ ಕುಕ್ಕರುಗಾಲಲ್ಲಿ ಕೂತ. "ಮಡಕಶಿರಾ ಬಂತು ಕಣವ್ವ. ಈಗ ನೋಡ್ಬೌದು."

ಆಗ ಅಳು ಬಂತು ನೋಡಿ, ಬಸ್‌ಸ್ಟ್ಯಾಂಡೇ ತಿರುಗಿ ನೋಡುವಂಥದ್ದು. ಕಂಡಕ್ಟರು ಹೇಳಿದ್ದು ಕೇಳಿಸಿತ್ತು, ಊರು ಕಾಣುತ್ತದೆಂದು ಬೇಕೆಂದೇ ಹೇಳಲಿಲ್ಲ ಎಂದು ಬಿಕ್ಕುತ್ತಾ ಒಪ್ಪಿಕೊಂಡೆ. ಅಪ್ಪ ಬೈಯಲಿಲ್ಲ. ನನ್ನನ್ನೆತ್ತಿ ಹೆಗಲಿಗೆ ಹಾಕಿಕೊಂಡು, "ಹುಣಸೆಮರ ನಾನು ನೋಡ್ದೆ ಕಣವ್ವ. ಹಂಗೇ ಐತೆ," ಎಂದ.

ವರ್ಷ ಕಳೆಯಿತು, ಆ ಕಾಗದದ ಅವಧಿಯೂ ಮುಗಿಯಿತು. ಆದರೆ ಅಷ್ಟರಲ್ಲಿ ಊರಿನ ಮಗ್ಗಕ್ಕೆ ಗೆದ್ದಲು ಹಿಡಿದಿತ್ತು, ಅಪ್ಪನ ಕಾಲು ಮೆಷಿನ್ನಿಗೆ ಒಗ್ಗಿತ್ತು. ನಾವು ರಾಯದುರ್ಗದವರೇ ಆದೆವು. ಹಬ್ಬಕ್ಕೆ ಊರಿಗೆ ಹೋಗುವ ನೆಂಟರಾದೆವು.

ಈಗ ನೀವು ಅದೇ ದಾರಿಯಲ್ಲಿ ಕಾರಿನಲ್ಲಿ ಹೋಗುತ್ತೀರಿ. ಗಡಿ ದಾಟಿದರೆ ನಿಮ್ಮಪ್ಪನ ಫೋನು ಟಿಂಗ್ ಎನ್ನುತ್ತದೆ, ನಿಮಗೆ ನಿದ್ದೆ. ಊರು ಯಾವುದೆಂದು ಕೇಳಿದರೆ ಮೂರು ಹೆಸರು ಹೇಳುತ್ತೀರಿ, ಮೂರೂ ನಿಜ. ನಾನು ಮಾತ್ರ ಈಗಲೂ ಮೈಲಿಕಲ್ಲು ನೋಡುತ್ತೇನೆ. ಅಕ್ಷರ ಬದಲಾದ ಕೂಡಲೇ ಪಕ್ಕದಲ್ಲಿ ಯಾರಿರುತ್ತಾರೋ ಅವರ ಕೈ ಹಿಡಿಯುತ್ತೇನೆ. ಅಜ್ಜಿಯ ಕೈ ಯಾಕೆ ಬೆವರುತ್ತದೆ ಎಂದು ನೀವು ಕೇಳುತ್ತಿದ್ದಿರಲ್ಲ, ಇದಕ್ಕೇ.

ಮೊನ್ನೆ ನಿಮ್ಮಲ್ಲಿ ಚಿಕ್ಕವಳನ್ನು ಕರೆತರಲು ಶಾಲೆಗೆ ಹೋಗಿದ್ದೆ. ಗೇಟಿನಲ್ಲಿ ಖಾಕಿ ತೊಟ್ಟ ಹೊಸ ಕಾವಲುಗಾರ ನನ್ನನ್ನು ತಡೆದು, ಅವಳನ್ನು ಕೇಳಿದ. "ಪಾಪು, ಇವರು ನಿಮ್ಮೋರಾ?" ನಾನು ಗೇಟು ಹಿಡಿದುಕೊಂಡೆ. ಅವಳು ಚಪ್ಪಲಿಯ ಪಟ್ಟಿ ಹಾಕಿಕೊಳ್ಳುತ್ತಿದ್ದಳು. ತಲೆ ಕೂಡ ಎತ್ತದೆ, "ಹೂಂ, ನಮ್ಮಜ್ಜಿ," ಎಂದಳು.