ಪೊರ್ತುಗುರಿಯ ಮುಳ್ಳು

ನನಗೆ ಮೊಮ್ಮಗಳು ಹುಟ್ಟಿದ್ದಾಳೆ. ಮೊದಲು ಇದನ್ನು ಹೇಳಿಬಿಡುತ್ತೇನೆ, ಉಳಿದದ್ದು ಆಮೇಲೆ. ಮಗಳು ಶೈಲಳಿಗೆ ಮದುವೆಯಾಗಿ ಒಂಬತ್ತು ವರ್ಷಕ್ಕೆ ಮೂಡುಬಿದಿರೆಯ ಆಸ್ಪತ್ರೆಯಲ್ಲಿ ಹೆರಿಗೆಯಾಯಿತು. ಇವತ್ತು ಮಧ್ಯಾಹ್ನ ತಾಯಿ ಮಗು ಇಬ್ಬರೂ ನಮ್ಮ ಮನೆಗೆ ಬಂದರು. ಈ ನಾಲ್ಕು ದಿನ ಕಂಡವರಿಗೆಲ್ಲ ಹೇಳಿದ್ದೇನೆ. ಬಸ್ಸಿನ ಕಂಡಕ್ಟರನಿಗೂ ಹೇಳಿದೆ. ಅವನು, "ಆಯ್ತು ಅಜ್ಜಿ, ಸ್ವಲ್ಪ ಒಳಗೆ ಹೋಗಿ" ಎಂದ.

ಮಗುವನ್ನು ಮಲಗಿಸಲು ಏನು ಹಾಸುವುದು ಎಂದಾಗ ನನ್ನ ಅಕ್ಕ ಸುಂದರಿ, "ಅಟ್ಟದಲ್ಲಿ ನನ್ನ ಚಾಪೆ ಉಂಟಲ್ಲ, ಅದನ್ನೇ ಹಾಸು" ಎಂದಳು. ಗಂಡ ತೀರಿಹೋದಂದಿನಿಂದ ಅವಳು ನನ್ನ ಜೊತೆಗೇ ಇದ್ದಾಳೆ. ಅದು ಮುಂಡೇವಿನ ಚಾಪೆ. ಮುಂಡೇವು ಎಂದರೆ ಕಡುಬು ಬೇಯಿಸುವ ಮೂಡೆ ಕಟ್ಟಲು ಬಳಸುವ, ಕೇದಗೆ ಜಾತಿಯ ಎಲೆ, ಅಂಚಿನುದ್ದಕ್ಕೂ ಮುಳ್ಳು. ಮುಳ್ಳು ಸೀಳಿ ತೆಗೆದು, ಬೇಯಿಸಿ, ಒಣಗಿಸಿ ಹೆಣೆದರೆ ಕೆನ್ನೆಯಷ್ಟು ಮೆತ್ತಗಾಗುತ್ತದೆ. ಅಕ್ಕ ಅದನ್ನು ತನ್ನ ಚೊಚ್ಚಲ ಮಗುವಿಗೆಂದು ಹೆಣೆದದ್ದು. ಅದರ ಮೇಲೆ ಯಾರೂ ಮಲಗಲಿಲ್ಲ. ಸುರುಳಿ ಬಿಚ್ಚಿದ ಕೂಡಲೇ ಕೆಸರೂ ಬಿಸಿಲೂ ಸೇರಿದ ಆ ಹಳೆಯ ವಾಸನೆ ಬಂತು. ನನ್ನ ಕೈ ಅಲ್ಲೇ ನಿಂತಿತು.

ಆ ಎಲೆ ಪೊರ್ತುಗುರಿಯದ್ದು. ಪೊರ್ತು ಅಂದರೆ ನಮ್ಮ ತುಳುವಿನಲ್ಲಿ ಹೊತ್ತು, ಸೂರ್ಯನೂ ಹೌದು. ಗುರಿ ಅಂದರೆ ಗುಂಡಿ. ಮೂಡುಬಿದಿರೆಯಿಂದ ವೇಣೂರಿಗೆ ಹೋಗುವ ಬಸ್ಸಿನ ಕಿಟಕಿಯಲ್ಲಿ ಎಷ್ಟು ಇಣುಕಿದರೂ ನಿಮಗೆ ಅದು ಕಾಣದು. ಗದ್ದೆಯೂ ಅಲ್ಲ, ಕೆರೆಯೂ ಅಲ್ಲ, ಮೊಣಕಾಲುದ್ದ ನೀರಿನ ಒಂದು ಜೌಗು. ಅಲ್ಲಿ ಹೊತ್ತು ಕೆಲವು ದಿನ ಹರಿಯುತ್ತದೆ, ಕೆಲವು ದಿನ ಕಟ್ಟಿ ನಿಲ್ಲುತ್ತದೆ. ಅಮ್ಮ ಸೊಂಟ ನೋಯುವವರೆಗೆ ಎಲೆ ಕೊಯ್ದು ಬಂದರೂ ಒಲೆಯ ಮೇಲಿನ ಗಂಜಿ ಇನ್ನೂ ಕುದಿ ಬಂದಿರುತ್ತಿರಲಿಲ್ಲ. ಇನ್ನೊಂದು ದಿನ ಎರಡು ಕಟ್ಟು ಕೊಯ್ಯುವುದರೊಳಗೆ ದನಗಳು ಹಟ್ಟಿ ಸೇರಿರುತ್ತಿದ್ದವು. ನಮಗೆ ಇದರಲ್ಲಿ ಆಶ್ಚರ್ಯವೇನೂ ಇರಲಿಲ್ಲ. ಒಂದು ಬಾವಿಯ ನೀರು ಸಿಹಿ, ಇನ್ನೊಂದರದ್ದು ಉಪ್ಪು ಇರುವುದಿಲ್ಲವೇ, ಹಾಗೆ.

ಕಟ್ಟಳೆ ಒಂದೇ. ಅಲ್ಲಿಗೆ ಇಳಿಯುವವರು "ಇತ್ತೆ" ಎನ್ನಬಾರದು. ಇತ್ತೆ ಅಂದರೆ ಈಗ. ಇತ್ತೆ ಬರುತ್ತೇನೆಂದು ಹೇಳಿ ಇಳಿದವರ ಹೊತ್ತನ್ನು ಗುರಿ ಹಿಡಿದಿಟ್ಟುಕೊಳ್ಳುತ್ತದೆ. ಅಮ್ಮ "ಬರುವಾಗ ಬರ್ತೇನೆ" ಎಂದೇ ಹೇಳಿ ಹೋಗುತ್ತಿದ್ದಳು.

ನಾನು ಓದಿದ್ದು ಮೂರನೇ ಕ್ಲಾಸು, ಜಂಬ ಮಾತ್ರ ಹತ್ತನೇ ಕ್ಲಾಸಿನದ್ದು. ಅರವತ್ತನೇ ಇಸವಿಯ ಆಚೀಚೆ ಇರಬೇಕು, ಶಾಲೆಗೆ ಗೋಡೆ ಗಡಿಯಾರ ಬಂದಿತ್ತು. ಮುಳ್ಳು ನೋಡಿ ಗಂಟೆ ಹೇಳಲು ಕಲಿತು, ಹೊತ್ತೆಲ್ಲ ನನ್ನ ಕೈಯಲ್ಲೇ ಉಂಟು ಎಂದು ತಿಳಿದಿದ್ದೆ. ಹೆರಿಗೆಗೆಂದು ತವರಿಗೆ ಬಂದಿದ್ದ ಅಕ್ಕನಿಗೆ ಒಂದು ಬೆಳಿಗ್ಗೆ ನೋವು ಶುರುವಾಯಿತು. ಸೂಲಗಿತ್ತಿ ಬಾಗಿಯಕ್ಕನ ಮನೆ ಗುರಿಯ ಆಚೆ ದಡದಲ್ಲಿ. ರಸ್ತೆ ಸುತ್ತಿ ಹೋದರೆ ಎರಡು ಮೈಲಿ.

"ರಸ್ತೆಯಲ್ಲೇ ಹೋಗು. ಗುರಿಗೆ ಇಳಿಯಬೇಡ" ಎಂದಳು ಅಮ್ಮ.

ಅಕ್ಕ ನನ್ನ ಕೈ ಹಿಡಿದಳು. "ಯಾವಾಗ ಬರ್ತಿ?"

ನಾನು ತುಳು ಬಿಟ್ಟು ಶಾಲೆಯ ಕನ್ನಡದಲ್ಲಿ, "ಈಗ ಬರುತ್ತೇನೆ" ಎಂದೆ. ಗುರಿಗೆ ತುಳು ಮಾತ್ರ ಗೊತ್ತು, ಕನ್ನಡ ಬಾರದು ಎಂಬುದು ನನ್ನ ಬುದ್ಧಿವಂತಿಕೆ.

ಆ ನೋವಿನಲ್ಲೂ ಅಕ್ಕ ನಕ್ಕಳು. "ಟೀಚರಮ್ಮ ಆದಿಯಾ ಮಾರಾಯ್ತಿ."

ಬೇಗ ಆಗಲಿ ಎಂದೇ ನಾನು ಗುರಿಗೆ ಇಳಿದದ್ದು, ಅದನ್ನು ನೀವು ನಂಬಬೇಕು. ಒಂದು ಕೊಕ್ಕರೆ ಕಾಲೆತ್ತಿ ನಿಂತಿತ್ತು. ನೂರರವರೆಗೆ ಎಣಿಸುತ್ತಾ ನಡೆದೆ, ಮತ್ತೊಮ್ಮೆ ಎಣಿಸಿದೆ. ಕೊಕ್ಕರೆ ಆ ಕಾಲು ಇನ್ನೂ ಇಳಿಸಿರಲಿಲ್ಲ. ನನ್ನ ತಲೆಯ ಮೇಲೆ ಎಳೆ ಬಿಸಿಲು. ದಡ ಹತ್ತಿದಾಗ ಬಾಗಿಯಕ್ಕ ಜಗಲಿಯಲ್ಲಿ ದೀಪ ಹಚ್ಚುತ್ತಿದ್ದಳು.

"ಹಗಲಿಗೇ ಯಾಕೆ ದೀಪ?" ಎಂದೆ.

"ಹಗಲಾ? ತಿರುಗಿ ನೋಡು" ಎಂದಳು.

ಗುರಿಯ ಮೇಲೆ ಕತ್ತಲೆ ಇಳಿಯುತ್ತಿತ್ತು. ರಸ್ತೆಯಲ್ಲಿ ಓಡಿದೆವು. ಮಗು ನಮಗಿಂತ ಮೊದಲು ಬಂದು, ನಮಗಿಂತ ಮೊದಲು ಹೋಗಿತ್ತು. ಅಕ್ಕ ನನ್ನನ್ನು ನೋಡಿ, "ಬಂದಿಯಾ?" ಎಂದಳು, ಅಷ್ಟೆ. ರಸ್ತೆಯಲ್ಲಿ ಬಿದ್ದು ಕಾಲು ಉಳುಕಿತು, ಏಳಲಿಕ್ಕಾಗಲಿಲ್ಲ ಎಂದೆ. ಆ ಸುಳ್ಳಿಗಾಗಿ ಎಂಟು ದಿನ ಕುಂಟಿದೆ. ಅಕ್ಕನಿಗೆ ಮತ್ತೆ ಮಕ್ಕಳಾಗಲಿಲ್ಲ. ನನ್ನ ಬಾಯಿಂದ ಇತ್ತೆ ಎಂಬ ಶಬ್ದ ಮತ್ತೆ ಹೊರಡಲಿಲ್ಲ. ಯಾರು ಕರೆದರೂ "ಬರುವ", "ನೋಡುವ" ಎನ್ನುತ್ತೇನೆ. ಮನೆಯವರು ಅದನ್ನೇ ಆಡಿಕೊಂಡು ನಗುತ್ತಾರೆ.

ಇವತ್ತು ಚಾಪೆಯ ತುದಿ ಹಿಡಿದುಕೊಂಡೇ ಹೇಳಿದೆ. "ಅಕ್ಕ, ಅವತ್ತು ನಾನು ರಸ್ತೆಯಲ್ಲಿ ಹೋಗಲಿಲ್ಲ."

"ಗೊತ್ತುಂಟು" ಎಂದಳು, ಮಡಿಲಲ್ಲಿದ್ದ ಮಗುವಿನ ಮುಖದಿಂದ ಕಣ್ಣು ತೆಗೆಯದೆ. "ನಿನ್ನ ಲಂಗದ ತುಂಬ ಮುಂಡೇವಿನ ಮುಳ್ಳು. ರಾತ್ರಿ ನಿನಗೆ ನಿದ್ದೆ ಬಂದ ಮೇಲೆ, ಮಲಗಿದಲ್ಲೇ ನಾನು ಒಂದೊಂದಾಗಿ ತೆಗೆದದ್ದು. ರಸ್ತೆಯಲ್ಲಿ ಮುಂಡೇವು ಎಲ್ಲಿ ಉಂಟು?"

"ಮತ್ತೆ ಯಾಕೆ ಹೇಳಲಿಲ್ಲ?"

"ಹೇಳುವುದು ಏನನ್ನು? ಒಂದು ದಿನ ಬಲದ ಕಾಲು ಕುಂಟ್ತಿದ್ದಿ, ಒಂದು ದಿನ ಎಡದ ಕಾಲು. ನೋಡಿ ಸಾಕಾಗಿತ್ತು ನನಗೆ." ಮಗುವಿನ ಬಟ್ಟೆ ಸರಿಮಾಡಿ ಮತ್ತೆ ಹೇಳಿದಳು. "ಐವತ್ತು ವರ್ಷ ಬೇಕಾಯ್ತಾ ನಿನಗೆ ಆ ಗುರಿ ಹತ್ತಿ ಬರ್ಲಿಕ್ಕೆ? ಕಣ್ಣು ಒರೆಸು. ಮಗುವನ್ನು ಮಲಗಿಸುವ."

ಅವಳೇ ಮಲಗಿಸಿದಳು. ಚಾಪೆಯಲ್ಲಿ ಮುಳ್ಳು ಉಳಿದಿದೆಯೇ ಎಂದು ಅದಕ್ಕೂ ಮೊದಲು ಅಂಗೈಯಿಂದ ಮೂರು ಸಲ ಸವರಿದಳು.

ಸಂಜೆ ಎಲ್ಲರೂ ಚಾವಡಿಯಲ್ಲಿ ಒಟ್ಟಿಗೆ ಊಟಕ್ಕೆ ಕುಳಿತರು. ನನ್ನ ಯಜಮಾನರು, ಅಳಿಯ, ಬಾಣಂತಿಗೆಂದೇ ಮಾಡಿದ ಒಳ್ಳೆಮೆಣಸಿನ ಸಾರಿನ ಬಟ್ಟಲು ಹಿಡಿದ ಶೈಲ. ಉಳಿದವರಿಗೆ ಕುಚ್ಚಲಕ್ಕಿ ಅನ್ನ, ಹುರುಳಿ ಸಾರು, ಹುರಿದ ಬಂಗುಡೆ. ನಾನು ಮಾತ್ರ ಚಾಪೆಯ ಪಕ್ಕ ಕುಳಿತು ಆ ಪುಟ್ಟ ಉಸಿರು ನೋಡುತ್ತಿದ್ದೆ. ಅಕ್ಕ ತನ್ನ ಮಗ್ಗುಲಲ್ಲಿ ನನಗೂ ಬಡಿಸಿ ಕರೆದಳು.

"ಯಾವಾಗ ಬರ್ತಿ?"

"ಇತ್ತೆ" ಎಂದೆ.

ಶೈಲ ಬಟ್ಟಲಿನಿಂದ ತಲೆ ಎತ್ತಿ ನೋಡಿದಳು. ನಾನು ಎದ್ದು ಹೋಗಿ ಅಕ್ಕನ ಪಕ್ಕದಲ್ಲಿ ಕುಳಿತೆ. ಅನ್ನ ಇನ್ನೂ ಹಬೆಯಾಡುತ್ತಿತ್ತು.