ಬಾಗಿಲು ತೆಗೆಯುವವನಿಗೂ ಒಂದು ಸುರ

ಫ್ರಾನ್ಸಿನ ಸಿನಿಮಾ ನಟನೊಬ್ಬ ದಿನಾ ಬೆಳಗಾಗುವ ಮೊದಲೇ ನಮ್ಮ ಬೇಸ್‌ಮೆಂಟಿಗೆ ಬಂದು ನನಗೆ ಬಾಗಿಲು ತೆಗೆಯುತ್ತಾನೆ. ಸರಿ, ಅರ್ಧ ಸುಳ್ಳು. ಅವನು ತೆಗೆಯುವುದು ಸಿನಿಮಾದೊಳಗಿನ ಬಾಗಿಲು, ಅದೂ ಲ್ಯಾಪ್‌ಟಾಪಿನಲ್ಲಿ. ಬರುವುದಂತೂ ನಿಜ. ನನ್ನ ಯಜಮಾನರು ಬದುಕಿದ್ದ ತನಕ ಎದ್ದು ಬಾಗಿಲು ತೆಗೆದವರಲ್ಲ, ಆ ಲೆಕ್ಕಕ್ಕೆ ಇವನೇ ವಾಸಿ.

ಅವನನ್ನು ಕರೆಸುವವರು ಕೆಳಗೆ ಬಾಡಿಗೆಗಿರುವ ದಾನಪ್ಪ. ಹೊರಗೆ ಒಂಟಾರಿಯೋದ ಚಳಿಗಾಲ, ಆನೆ ಮುಳುಗುವಷ್ಟು ಸ್ನೋ. ಇವರು ಸ್ವೆಟರಿನ ಮೇಲೆ ಸ್ವೆಟರು ಹಾಕಿ ಪೇಟಿಯ ಮುಂದೆ ಕೂತಿದ್ದಾರೆ. ಪೇಟಿ ಅಂದರೆ ಹಾರ್ಮೋನಿಯಂ. ಆಮೇಲೆ ಬೋಲ್ಟನ್ನಿನ ವೇರ್‌ಹೌಸಿನಲ್ಲಿ ಡಬ್ಬ ಎತ್ತುವ ಕೆಲಸ. ಶನಿವಾರ ಜಾರ್ಜ್‌ಟೌನಿನ ಕಮ್ಯುನಿಟಿ ಹಾಲಿನಲ್ಲಿ ಹಳೆಯ ಮೂಕಿ ಸಿನಿಮಾ ತೋರಿಸುತ್ತಾರೆ, ಅದಕ್ಕೆ ಪೇಟಿ ಇವರದು.

ನಟನ ಹೆಸರು ಎತಿಯೆನ್ ಮರ್ಸಾಲ್. ನನ್ನ ಬಾಯಿಗೆ ಮರ್ಸಾಲಣ್ಣ. ಜನ್ಮವಿಡೀ ಆಳಿನ ಪಾತ್ರ. ಒಂದರಲ್ಲಿ ಕೊಡೆ ಹಿಡಿಯುತ್ತಾನೆ, ಇನ್ನೊಂದರಲ್ಲಿ ಕಪಾಳಕ್ಕೆ ಏಟು ತಿನ್ನುತ್ತಾನೆ, ಎಲ್ಲದರಲ್ಲೂ ಬಾಗಿಲು ತೆಗೆಯುತ್ತಾನೆ. ಸಿನಿಮಾಕ್ಕೆ ಮಾತು ಬಂದ ಮೇಲೆ ಅವನನ್ನು ಯಾರೂ ಕರೆಯಲಿಲ್ಲ. ಧ್ವನಿ ಹೇಗಿದೆ ಅಂತಲೂ ಕೇಳಲಿಲ್ಲವಂತೆ.

ಅಂಥವನಿಗೂ ದಾನಪ್ಪ ಪ್ರವೇಶದ ಸುರ ಹಿಡಿಯುತ್ತಾರೆ. ಗದಗಿನ ಕಡೆಯ ನಾಟಕ ಕಂಪನಿಯಲ್ಲಿ ಭರ್ಜಿ ಹಿಡಿದ ಕಾವಲುಗಾರನ ಪಾತ್ರ ಮಾಡುತ್ತಾ ಕಲಿತದ್ದು.

"ನಾನೂ ಭಾಲಾ ಹಿಡಕೊಂಡು ನಿಂತಾಂವನ ಅಕ್ಕಾರ. ಒಂದ ಮಾತಿಲ್ಲ. ಆದ್ರ ನಾ ಬಂದ್ರ ಪೇಟಿ ಮಾಸ್ತರ್ರು ಸುರಾ ಬಿಡಾವ್ರು. ಎದಿ ಇಷ್ಟಗಲ ಆಗ್ತಿತ್ತು."

ಕಾರ್ಯಕ್ರಮ ನಡೆಸುವ ಬೆಂಗಳೂರಿನ ಉಷಾಗೆ ಇದು ಹಿಡಿಸುವುದಿಲ್ಲ. ಮೊನ್ನೆ ಮನೆಗೇ ಬಂದಳು. "ದಾನಪ್ಪಾವ್ರೇ, ಸರ್ವೆಂಟ್‌ಗೆಲ್ಲಾ ಎಂಟ್ರಿ ಮ್ಯೂಸಿಕ್ ಬೇಡ. ಹೀರೋಗೆ ಮಾತ್ರ ಸಾಕು."

"ಬಾಗ್ಲಾ ತೆಗಿಯಾಂವ ಬರಲಿಲ್ಲಂದ್ರ ಹೀರೋ ಹ್ಯಾಂಗ ಒಳಗ ಬರ್ತಾನ್ರೀ? ಕಿಡಕಿ ಹಾರಿ ಬರ್ತಾನೇನು?"

"ಜೋಕ್ ಅಲ್ಲ. ಮತ್ತೆ ಹೀಗೇ ಮಾಡಿದ್ರೆ ನೆಕ್ಸ್ಟ್ ವೀಕ್‌ನಿಂದ ಪಿಯಾನೋದವ್ರನ್ನ ಕರೀತೀನಿ."

"ಕರೀರಿ. ಈ ವಾರ ನಾ ಅದೀನಿ."

ಅವಳು ಹೋದ ಮೇಲೆ ನಾನು ಕೆಣಕಿದೆ. "ತಮ್ಮಾ, ಸತ್ತಾಂವನ ಸಲುವಾಗಿ ಇದ್ದ ಪೇಟಿ ಕೆಲಸಾ ಕಳಕೋತಿಯೇನೋ?"

"ಅಂವಾ ಸತ್ತಿಲ್ರೀ. ಬಾಗ್ಲದಾಗ ನಿಂತಾನ."

ಶನಿವಾರ. ಹಾಲಿನ ತುಂಬಾ ಜನ. ಪರದೆಯ ಮೇಲೆ ಮರ್ಸಾಲಣ್ಣ ಬಾಗಿಲಿಗೆ ಬರುತ್ತಾನೆ. ಉಷಾಳ ಹುಬ್ಬು ಸೂರು ಮುಟ್ಟುತ್ತದೆ. ದಾನಪ್ಪ ಹಿಡಿದ ಸುರಕ್ಕೆ ಒಂಟಾರಿಯೋ ಸರೋವರದ ಮಂಜುಗಡ್ಡೆ ಬಿರಿದಿರಬೇಕು! ಬಾಗಿಲು ತೆರೆಯುತ್ತದೆ. ಹೀರೋ ಒಳಗೆ ಬರುತ್ತಾನೆ. ದಾನಪ್ಪ ಪೇಟಿಯಿಂದ ಕೈ ಎತ್ತಿ, ಥರ್ಮಾಸಿನ ಚಹಾ ಬಗ್ಗಿಸಿಕೊಂಡು ಕುಡಿಯುತ್ತಾರೆ.

"ಹೀರೋಗ ಇಡೀ ಸಿನಿಮಾ ಐತಿ. ಒಂದ್ ನಿಮಿಷ ಸುಮ್ನ ಬರ್ಲಿ," ಅಂತ ನನ್ನ ಕಡೆ ಬಾಗಿ ಪಿಸುಗುಟ್ಟುತ್ತಾರೆ.

ಹಾಲಿಗೆ ಹಾಲೇ ಚಪ್ಪಾಳೆ. ಹೀರೋಗಂತೂ ಅಲ್ಲ.

ಆಟ ಮುಗಿದ ಮೇಲೆ ಉಷಾ ನೇರ ಪೇಟಿಯ ಹತ್ತಿರ ಬಂದಳು. ಏನಂದಳು ಅಂತ ನಾನು ಹೇಳುವುದಿಲ್ಲ. ಇವತ್ತು ಬೆಳಗ್ಗೆ ಕೆಳಗಡೆ ಮುಂದಿನ ಶನಿವಾರದ ಸಿನಿಮಾಕ್ಕೆ ಹೊಸ ಸುರ ಏಳುತ್ತಿದೆ, ಮರ್ಸಾಲಣ್ಣ ಈ ಸಲ ಕುದುರೆಗಾಡಿಯ ಬಾಗಿಲು ತೆಗೆಯುತ್ತಿದ್ದಾನೆ. ಉಳಿದದ್ದನ್ನು ನೀವೇ ಹೇಳಿ ನೋಡೋಣ.